ಒಂದು ಹನಿ ಚೆಲ್ಲಿರಲಿಲ್ಲ

ಬ್ಯಾಂಡ್ ಮೇಷ್ಟ್ರು ಐದು ಮಹಡಿ ಹತ್ತಿ ಬಂದವರೇ ಕುರ್ಚಿಯಲ್ಲಿ ಕುಸಿದರು. ನಮ್ಮ ಕಟ್ಟಡದ ಲಿಫ್ಟು ಇವತ್ತಿಗೂ ಮೂರನೆಯ ಮತ್ತು ನಾಲ್ಕನೆಯ ಮಹಡಿಗಳ ನಡುವೆ ಸಿಕ್ಕಿಕೊಂಡೇ ಇದೆ. ಅದನ್ನು ಇಳಿಸಬಲ್ಲವನು ನನ್ನ ಗಂಡನೊಬ್ಬನೇ. ಲಿಫ್ಟು ರಿಪೇರಿ ಅವನ ಕಸುಬು. ಅವನು ಯುದ್ಧದಲ್ಲಿ ಸತ್ತ. ಆಮೇಲೆ ಯುದ್ಧವೂ ನಿಂತಿತು.

ಮೇಷ್ಟ್ರು ನೀರು ಕುಡಿದು ಮೀಸೆ ಒರೆಸಿಕೊಂಡರು.

"ಒಂದು ಒಳ್ಳೇ ಸುದ್ದಿ ತಂದಿದೀನಮ್ಮ. ಕಟ್ಟಡದವರೆಲ್ಲ ಸೇರಿ ತೀರ್ಮಾನ ಮಾಡಿದೀವಿ. ಕೆಳಗೆ ಬಾಗಿಲ ಪಕ್ಕದ ಗೋಡೆಗೆ ನಿಮ್ಮ ಯಜಮಾನ್ರ ಹೆಸರಲ್ಲಿ ಒಂದು ಕಲ್ಲು ಕೂರಿಸ್ತೀವಿ. ಬರೋ ಭಾನುವಾರ. ಭಾಷಣ ನಂದೇ."

ಅತ್ತೆ ತೋಳಿನಿಂದ ಕಣ್ಣೊರೆಸಿಕೊಂಡರು. "ಕಲ್ಲು ಕರೀದಾ, ಬಿಳೀದಾ?"

"ಬಿಳೀದು. ಅಕ್ಷರ ಕರೀದು."

"ಬಿಳೀದಾದ್ರೆ ಕೊಳೆ ಎದ್ದು ಕಾಣುತ್ತೆ. ದಿನಾ ಒರೆಸ್ಬೇಕು."

"ಒರೆಸಿದ್ರಾಯ್ತು ಬಿಡಿ. ಈಗ ನಲ್ಲೀಲಿ ನೀರು ಬರ್ತಿದೆಯಲ್ಲ."

ಮೇಷ್ಟ್ರು ಒಂದು ಕಾಲದಲ್ಲಿ ಕಾರ್ಖಾನೆಯ ಬ್ಯಾಂಡು ನಡೆಸಿದವರು. ಯುದ್ಧದ ದಿನಗಳಲ್ಲಿ ಕಟ್ಟಡದ ಯಜಮಾನಿಕೆ ತಾನಾಗಿಯೇ ಅವರ ಹೆಗಲಿಗೆ ಬಿತ್ತು, ಯಾಕೆಂದರೆ ಶೆಲ್ಲುಗಳ ಸದ್ದಿಗಿಂತ ಮೇಲೆ ಕೇಳಿಸುವ ಗಂಟಲು ಅವರೊಬ್ಬರದೇ. ಅವರು ಎದ್ದು ನಿಂತು ಭಾಷಣವನ್ನು ಬಾಯಿಪಾಠ ಒಪ್ಪಿಸಿದರು. ಕೈ ತಾಳ ಹಾಕುತ್ತಿತ್ತು.

"ನಮಗೆಲ್ಲ ನೀರು ತರೋದಕ್ಕೆ ಹೋದ. ಬರೋ ದಾರೀಲಿ ಪ್ರಾಣ ಬಿಟ್ಟ. ಆದರೂ ನೋಡಿ, ಬಾಗಿಲ ಹತ್ರ ಅವನ ಎರಡೂ ಕ್ಯಾನು ನೆಟ್ಟಗೆ ನಿಂತಿದ್ವು. ಮುಚ್ಚಳ ಕೂಡ ಸಡಿಲಾಗಿರಲಿಲ್ಲ. ಒಂದು ಹನಿ ಚೆಲ್ಲಿರಲಿಲ್ಲ!"

ಅತ್ತೆ ಬಿಕ್ಕಿದರು. ನಾನು ಚಹಾ ಬಗ್ಗಿಸಿದೆ. ನನಗೆ ಏನೂ ಅನ್ನಿಸಲಿಲ್ಲ. ಅವನು ಹೋದ ಮೇಲೆ ನನಗೆ ಏನಾದರೂ ಅನ್ನಿಸುವುದು ತಡವಾಗಿಯೇ. ಕೈ ಸುಟ್ಟುಕೊಂಡರೂ ಬೊಬ್ಬೆ ಎದ್ದ ಮೇಲೆ ನೋಡಿಕೊಳ್ಳುತ್ತೇನೆ.

ಆ ದಿನಗಳಲ್ಲಿ ನಮ್ಮ ಕಟ್ಟಡ ಹೇಗೆ ನಡೆಯುತ್ತಿತ್ತೆಂದು ಹೇಳಬೇಕು. ನಲ್ಲಿ ಬತ್ತಿತ್ತು. ಹಳೆಯ ಬಟ್ಟೆಗಿರಣಿಯ ಹಿಂದಿನ ಕೈಪಂಪಿನಿಂದ ನೀರು ಹೊತ್ತು ತರಬೇಕು. ಬೀದಿಯಲ್ಲಿ ಶೆಲ್ಲಿನ ಭಯ ಒಂದು ಕಡೆ, ದೋಚುವವರ ಭಯ ಇನ್ನೊಂದು ಕಡೆ. ಕೆಳಗಿನ ಕಬ್ಬಿಣದ ಬಾಗಿಲಿಗೆ ನನ್ನ ಗಂಡ ಒಳಗಿನಿಂದ ಒಂದು ಅಗುಳಿ ಮಾಡಿದ. ಲಿಫ್ಟು ಜಾರುವ ಉಕ್ಕಿನ ಕಂಬಿಯಿರುತ್ತದಲ್ಲ, ಅದರದೊಂದು ತುಂಡು. ಗೋಡೆಯ ಎರಡು ಕೊಂಡಿಗಳ ನಡುವೆ ಅದನ್ನು ಕೂರಿಸಿದರೆ ಆನೆ ಬಂದರೂ ಬಾಗಿಲು ಅಲುಗುವುದಿಲ್ಲ ಎನ್ನುತ್ತಿದ್ದ. "ಲಿಫ್ಟು ನಿಂತು ಹೋಯ್ತು, ಎಲ್ಲರೂ ನಡೆಯೋಕೆ ಶುರು ಮಾಡಿದ್ರು, ನನ್ನ ಹೊಟ್ಟೆ ಮೇಲೆ ಹೊಡೆದ್ರು. ಇನ್ನು ಬಾಗಿಲು ಕಾಯೋದೇ ಕೆಲಸ," ಎಂದು ನಗುತ್ತಿದ್ದ.

ಹೆಸರು ಹೇಳಿದವರಿಗೆಲ್ಲ ಬಾಗಿಲು ತೆಗೆಯುವಂತಿರಲಿಲ್ಲ. ಒಮ್ಮೆ ಯಾರೋ ನಮ್ಮವರೊಬ್ಬರ ಹೆಸರು ಕೂಗಿ ಒಳಗೆ ನುಗ್ಗಿ ಹಿಟ್ಟು, ಕಂಬಳಿ ಹೊತ್ತೊಯ್ದಿದ್ದರು. ಅದಕ್ಕೇ ಮೇಷ್ಟ್ರು ಬಾಗಿಲು ತಟ್ಟುವುದಕ್ಕೊಂದು ತಾಳ ಕಟ್ಟಿದರು. ಎರಡು ನಿಧಾನ, ಮೂರು ಚುರುಕು. ಟಕ್, ಟಕ್, ಟಕಟಕಟಕ. ನೆಲಮಾಳಿಗೆಯ ಮೇಜಿನ ಮೇಲೆ ಪ್ರತಿಯೊಬ್ಬರಿಂದಲೂ ತಟ್ಟಿಸಿ ಅಭ್ಯಾಸ ಮಾಡಿಸಿದರು. ತಪ್ಪಿದವರನ್ನು ಬ್ಯಾಂಡಿನ ಹುಡುಗರಂತೆ ಬೈದರು. ಅತ್ತೆಯನ್ನೂ ಬಿಡಲಿಲ್ಲ.

"ನಿಮ್ಮ ಕೈಯಲ್ಲಿ ತಾಳವೇ ಇಲ್ಲವಲ್ಲ, ಅಮ್ಮ."

"ನನ್ನ ಮಂಡಿ ಆಚೆ ಹೋಗೋದಕ್ಕೇ ಬಿಡಲ್ಲ. ತಾಳ ಕಟ್ಟಿಕೊಂಡು ಏನ್ ಮಾಡ್ಲಿ? ಮೇಲೆ ಕೂತು ಕುಣೀಲಾ?"

ಆ ಮಂಡಿಯ ದೆಸೆಯಿಂದಲೇ ಸೈರನ್ ಆದಾಗ ನಾನು, ಅತ್ತೆ ನೆಲಮಾಳಿಗೆಗೆ ಇಳಿಯುತ್ತಿರಲಿಲ್ಲ. ಕಿಟಕಿಯಿಲ್ಲದ ನಮ್ಮ ಬಚ್ಚಲುಮನೆಯಲ್ಲಿ ಕೂರುತ್ತಿದ್ದೆವು. ಅವನು ಸತ್ತಾಗಲೂ ಅಲ್ಲೇ ಕೂತಿದ್ದೆವು. ಆಮೇಲೆ ಮೇಷ್ಟ್ರು, ಇನ್ನಿಬ್ಬರು ಮೇಲೆ ಬಂದು ಹೇಳಿದರು. ಎದುರು ಸಾಲಿನ ಬೇಕರಿಯ ಮುಂದೆ ಬಿದ್ದಿದ್ದನಂತೆ. ತಿರುವಿನಲ್ಲಿ ಸಿಡಿದ ಶೆಲ್ಲಿನ ಚೂರು ಬೆನ್ನಿಗೆ ತಾಗಿತ್ತು. ಅವನನ್ನು ನಾನು ನೋಡಿದ್ದೂ ಬೇಕರಿಯ ಮುಂದೆಯೇ. ಯಾರೋ ಕ್ಯಾನುಗಳನ್ನು ತಂದು ನಮ್ಮ ಅಡುಗೆಮನೆಯಲ್ಲಿಟ್ಟರು. ಆ ನೀರಿನಲ್ಲೇ ಅವನ ಮುಖ ತೊಳೆದೆ. ಉಳಿದದ್ದನ್ನು ಕುಡಿದೆವು.

ಆ ವಾರ ನಾನು ಹೊರಗೆ ಹೊರಟಾಗ ಮೇಷ್ಟ್ರು ಹೊಸ ತಾಳ ಹೇಳಿಕೊಟ್ಟರು. ಒಂದು ಬಡಿತ, ತಡೆದು, ಆಮೇಲೆ ನಾಲ್ಕು. ಅವನು ಹೋದ ಮೇಲೆ ಬದಲಾಯಿಸಿದ್ದಾರೆ ಅಂದುಕೊಂಡೆ. ಕೇಳಲಿಲ್ಲ.

ಯುದ್ಧಕ್ಕೆ ಮುಂಚೆ ನಾನು ವಿಶ್ವವಿದ್ಯಾಲಯದಲ್ಲಿ ರಸಾಯನಶಾಸ್ತ್ರ ಓದಿದ್ದೆ. ಈಗ ನಗರದ ನೀರಿನ ಲ್ಯಾಬಿನಲ್ಲಿ ಕೆಲಸ. ಒಂದೊಂದೇ ಬೀದಿಗೆ ನೀರು ಬಿಡುತ್ತಿದ್ದಾರೆ. ಬಿಟ್ಟ ಬೀದಿಗಳಲ್ಲಿ ಮನೆಮನೆಗೆ ಹೋಗಿ ನಲ್ಲಿಯ ನೀರು ಹಿಡಿದು ತರಬೇಕು. ನಲ್ಲಿಯ ಬಾಯನ್ನು ಬೆಂಕಿಯಿಂದ ಸುಟ್ಟು, ಸ್ವಲ್ಪ ಹೊತ್ತು ನೀರು ಹರಿಯಬಿಟ್ಟು, ಬಾಟಲಿ ತುಂಬಿ ಐಸಿನ ಪೆಟ್ಟಿಗೆಯಲ್ಲಿಡಬೇಕು. ಅಲ್ಲೇ ಇನ್ನೊಂದು ಗಾಜಿನ ಕೊಳವೆಯಲ್ಲಿ ನೀರು ಹಿಡಿದು ಮಾತ್ರೆ ಹಾಕಿ ಅಲುಗಿಸಬೇಕು. ನೀರು ಗುಲಾಬಿ ಬಣ್ಣಕ್ಕೆ ತಿರುಗಿದರೆ ಕ್ಲೋರಿನ್ ಇದೆ ಎಂದರ್ಥ. ಜನ ಬಾಗಿಲಲ್ಲಿ ನಿಂತು ಬಾಯಿಬಿಟ್ಟುಕೊಂಡು ನೋಡುತ್ತಾರೆ. "ಶರಬತ್ತು ಮಾಡ್ತಿದೀರಾ ಮೇಡಂ?" ಎಂದು ಕೇಳುತ್ತಾರೆ.

ಸೋಮವಾರ ಒಂದು ಮನೆಯ ಮುಂದೆ ನಿಂತಿದ್ದೆ. ಎರಡೂ ಕೈಯಲ್ಲಿ ಹಿಡಿದಿದ್ದ ಐಸಿನ ಪೆಟ್ಟಿಗೆ ಭಾರವಾಗಿತ್ತು. ಬಾಗಿಲು ಮುಚ್ಚಿತ್ತು. ಬಗ್ಗಿ ಪೆಟ್ಟಿಗೆಯನ್ನು ಹೊಸ್ತಿಲ ಪಕ್ಕದಲ್ಲಿ ನೆಟ್ಟಗೆ ಇಟ್ಟೆ. ಬಾಟಲಿಗಳು ಉರುಳದಂತೆ ಮೆಲ್ಲಗೆ ಇಟ್ಟೆ. ಆಮೇಲೆ ಕೈಯೆತ್ತಿದೆ, ತಟ್ಟಲು.

ಎತ್ತಿದ ಕೈ ಅಲ್ಲೇ ನಿಂತಿತು.

ಶೆಲ್ಲಿನ ಚೂರು ತಾಗಿ ಬೀಳುವವನು ಕ್ಯಾನುಗಳನ್ನು ನೆಟ್ಟಗೆ ನಿಲ್ಲಿಸಿ ಬೀಳುವುದಿಲ್ಲ. ಮುಚ್ಚಳ ಹಾಕಿದ ಎರಡು ಕ್ಯಾನುಗಳು ಬಾಗಿಲ ಬಳಿ ನಿಂತಿದ್ದವೆಂದರೆ ಯಾರೋ ಅವನ್ನು ಜೋಪಾನವಾಗಿ ಇಳಿಸಿದ್ದಾರೆ. ಬಾಗಿಲ ಬಳಿ ಕೈಯಲ್ಲಿರುವುದನ್ನು ಇಳಿಸುವುದು ಒಂದೇ ಕಾರಣಕ್ಕೆ.

ಒಳಗಿನಿಂದ ಒಬ್ಬ ಹೆಂಗಸು ಬಾಗಿಲು ತೆಗೆದು, "ಯಾರ್ರೀ? ಏನಾಯ್ತು, ಮೈ ಸರಿಯಿಲ್ವಾ?" ಎಂದಳು. ನೀರು ಹಿಡಿಯಲು ಬಂದಿದ್ದೇನೆ ಎಂದೆ. ಹಿಡಿದೆ. ಮಾತ್ರೆ ಹಾಕಿದೆ. ಗುಲಾಬಿ ಬಂತು. ಬಣ್ಣವನ್ನು ನೋಡುತ್ತ ನಿಂತಾಗ ಸಿಟ್ಟು ಹೊತ್ತಿಕೊಂಡಿತು. ಅವನು ಹೋದ ಮೇಲೆ ಮೊದಲ ಸಲ ನನಗೆ ಏನಾದರೂ ಸರಿಯಾದ ಹೊತ್ತಿಗೆ ಅನ್ನಿಸಿತು.

ಅವತ್ತು ಸಂಜೆ ನಮ್ಮ ಮನೆಗೆ ಹತ್ತಲಿಲ್ಲ. ಮೊದಲ ಮಹಡಿಯಲ್ಲಿ ಹೊಲಿಗೆಯಕ್ಕನ ಮನೆಗೆ ಹೋದೆ. ಒಂಟಿ ಹೆಂಗಸು. ಬೆಳಕು ಹೊರಗೆ ಕಾಣದಿರಲೆಂದು ಯುದ್ಧದಲ್ಲಿ ಕಿಟಕಿಗಳಿಗೆ ಕಟ್ಟಿದ್ದ ಕಪ್ಪು ಪರದೆಗಳನ್ನು ಬಿಚ್ಚಿ, ಈಗ ಅವುಗಳಿಂದ ಮಕ್ಕಳ ಚಡ್ಡಿ ಹೊಲಿಯುತ್ತಾಳೆ. ಬೀದಿಯ ಮಕ್ಕಳೆಲ್ಲ ಕಪ್ಪು ಚಡ್ಡಿಯಲ್ಲೇ ಓಡಾಡುತ್ತಿವೆ.

"ಬಾ ತಂಗಿ. ಆ ಬಟ್ಟೆ ಆಚೆ ಸರಿಸಿ ಕೂತ್ಕೋ. ಚಳಿ ನೋಡು, ಕತ್ತರಿ ಹಿಡಿದ್ರೆ ಕೈ ಅಂಟ್ಕೊಳ್ಳುತ್ತೆ."

ಕೂರಲಿಲ್ಲ. "ಆವತ್ತು ಬಾಗಿಲು ಕಾಯೋ ಪಾಳಿ ಯಾರದ್ದಕ್ಕ?"

ಹೊಲಿಗೆ ಯಂತ್ರ ನಿಂತಿತು. "ಯಾವತ್ತು?"

"ಯಾವತ್ತು ಅಂತ ನಿನಗೆ ಗೊತ್ತು."

ಅವಳು ದಾರವನ್ನು ಹಲ್ಲಿನಿಂದ ಕಡಿದಳು. ಚಡ್ಡಿಯನ್ನು ಮಡಿಸಿದಳು. ಬಿಚ್ಚಿ ಮತ್ತೆ ಮಡಿಸಿದಳು.

"ನಂದು."

"ಅವನು ತಟ್ಟಿದ್ನಾ?"

"ತಟ್ಟಿದ. ಹಳೇ ತಾಳ." ಅವಳು ಮಡಿಸಿದ ಚಡ್ಡಿಯನ್ನು ಪಕ್ಕಕ್ಕಿಟ್ಟಳು. "ಆವತ್ತು ಬೆಳಿಗ್ಗೇನೇ ತಾಳ ಬದಲಾಯ್ಸಿದ್ವಿ ತಂಗಿ. ಪಕ್ಕದ ಬೀದಿಯವರು ಕಲಿತುಬಿಟ್ಟಿದಾರೆ ಅಂತ ಯಾರೋ ಅಂದ್ರು. ಅಷ್ಟೊತ್ತಿಗೆ ಅವನು ನೀರಿಗೆ ಹೋಗಿಯಾಗಿತ್ತು. ನಾನೇ ಬಾಗಿಲಲ್ಲಿ ನಿಂತು ಅವನಿಗೆ ಹೇಳ್ತೀನಿ ಅಂದ್ರು ಮೇಷ್ಟ್ರು. ಆಮೇಲೆ ಸೈರನ್ ಆಯ್ತು. ಎಲ್ಲರೂ ಕೆಳಗೆ ಇಳಿದ್ವಿ. ಮೇಷ್ಟ್ರೂ ಇಳಿದ್ರು."

"ಹಳೇ ತಾಳ ಕೇಳಿ ಕಳ್ಳರು ಅಂದ್ಕೊಂಡ್ರಾ?"

ಅವಳು ಹೌದು ಎಂದಿದ್ದರೆ ನಾನು ಮೇಲೆ ಹೋಗಿಬಿಡುತ್ತಿದ್ದೆನೇನೋ. ಹೆದರಿದ ಜನ ಎಡವಿದರು ಎಂದುಕೊಂಡು ಸುಮ್ಮನಾಗುತ್ತಿದ್ದೆನೇನೋ. ಅವಳು ಹೌದು ಎನ್ನಲಿಲ್ಲ.

"ಮೊದಲನೇ ಸಲ ಅಂದ್ಕೊಂಡ್ವಿ. ಎರಡನೇ ಸಲಾನೂ ಅಂದ್ಕೊಂಡ್ವಿ. ಆಮೇಲೆ ಅವನು ಕೂಗಿದ."

"ಏನಂತ?"

"ಬೇಡ ತಂಗಿ."

"ಏನಂತ ಕೂಗಿದ?"

"'ಲಿಫ್ಟಂತೂ ಕೆಟ್ಟಿತ್ತು, ಈಗ ಬಾಗಿಲೂ ಕೆಡ್ತೇನ್ರಪ್ಪಾ? ರಿಪೇರಿ ಮಾಡೋನು ಆಚೆ ನಿಂತಿದೀನಿ!'"

ಅವನ ದನಿ ಅವಳ ಬಾಯಿಂದ ಬಂತು. ಪಕ್ಕದ ಬೀದಿಯ ಯಾವ ಕಳ್ಳನೂ ಅಂಥ ಮಾತು ಕಟ್ಟಲಾರ. ಈ ಕಟ್ಟಡದಲ್ಲಿ ಅಂಥ ತಲೆಹರಟೆ ಒಬ್ಬನೇ ಇದ್ದ.

"ಗೊತ್ತಾಯ್ತಲ್ಲ, ಅವನೇ ಅಂತ."

"ಗೊತ್ತಾಯ್ತು."

"ಎಲ್ಲರಿಗೂ?"

"ನೆಲಮಾಳಿಗೆ ಮೆಟ್ಟಿಲ ಹತ್ರ ಕೂತಿದ್ದೋರಿಗೆಲ್ಲ. ನಾನು ಎದ್ದೆ ತಂಗಿ. ಮೇಷ್ಟ್ರು ತೋಳು ಹಿಡಿದ್ರು. ನಿಯಮ ಅಂದ್ರೆ ನಿಯಮ, ತಾಳ ಸರಿಯಾಗಿದ್ರೇನೇ ತೆಗೆಯೋದು ಅಂದ್ರು. ಶೆಲ್ಲು ಹತ್ರ ಹತ್ರ ಬೀಳ್ತಿತ್ತು. ಬಾಗಿಲು ತೆಗೀಬೇಕು ಅಂದ್ರೆ ಮೆಟ್ಟಿಲು ಹತ್ತಿ ಮುಂದಿನ ಹಜಾರಕ್ಕೆ ಹೋಗ್ಬೇಕಲ್ಲ, ಅಲ್ಲಿ ಗಾಜು ಉದುರ್ತಿತ್ತು. ಯಾರಿಗೂ ಹೋಗೋದು ಬೇಕಿರಲಿಲ್ಲ. ನಿಯಮ ಅಂದಿದ್ದು ಎಲ್ಲರಿಗೂ ಒಳ್ಳೇದೇ ಆಯ್ತು."

"ನಿನಗೂ?"

"ನನಗೂ," ಎಂದಳು.

ಸದ್ದು ನಿಂತ ಮೇಲೆ ಬಾಗಿಲು ತೆಗೆದರಂತೆ. ಅವನು ಹೊಸ್ತಿಲ ಮೇಲೆಯೇ ಇದ್ದನಂತೆ, ಮುಖ ಬಾಗಿಲ ಕಡೆ. ನಾನು ಕಂಡರೆ ಸಹಿಸಲಾರೆನೆಂದು ಎತ್ತಿಕೊಂಡು ಹೋಗಿ ಬೇಕರಿಯ ಮುಂದೆ ಮಲಗಿಸಿದರಂತೆ. ಕ್ಯಾನುಗಳನ್ನು ಮಾತ್ರ ಒಳಗೆ ತಂದರು. ನೀರು ಬೇಕಿತ್ತಲ್ಲ.

"ನಿನ್ನ ಮೇಲಿನ ಕನಿಕರಕ್ಕೇ ಹಾಗೆ ಮಾಡಿದ್ದು ತಂಗಿ," ಎಂದಳು ಹೊಲಿಗೆಯಕ್ಕ.

ಆ ಕನಿಕರಕ್ಕೆ ಬೆಂಕಿ ಬೀಳಲಿ.

ವಾರವಿಡೀ ಬೀದಿ ಬೀದಿ ಸುತ್ತಿ ನೀರು ಹಿಡಿದೆ. ಮೆಟ್ಟಿಲ ಮೇಲೆ ಎದುರಾದವರೆಲ್ಲ "ಭಾನುವಾರ ಮರೀಬೇಡಿ ಮೇಡಂ" ಎಂದು ನಕ್ಕರು. ಅವರ ಮುಖಗಳನ್ನು ನೋಡಿದೆ. ಯಾರ ಮುಖದಲ್ಲೂ ಏನೂ ಇರಲಿಲ್ಲ. ಸುಳ್ಳನ್ನು ಅವರೇ ನಂಬಿಬಿಟ್ಟಿದ್ದರು. ಕಲ್ಲಿನಲ್ಲಿ ಕೆತ್ತಿದ ಮೇಲಂತೂ ಅವರ ಮಕ್ಕಳೂ ನಂಬುತ್ತಾರೆ. ನನಗೆ ಬೇಕಿದ್ದುದು ಇಷ್ಟೇ. ಕಲ್ಲು ಗೋಡೆ ಸೇರುವ ಮೊದಲು ಅವರಲ್ಲಿ ಒಬ್ಬರಾದರೂ ಎಲ್ಲರ ಮುಂದೆ ಹೇಳಬೇಕು: ಕೇಳಿಸಿತ್ತು, ತೆಗೆಯಲಿಲ್ಲ. ಅತ್ತೆಗೆ ಏನನ್ನೂ ಹೇಳಲಿಲ್ಲ. ಅವರು ಕಲ್ಲು ಒರೆಸಲೆಂದು ಹಳೆಯ ಅಂಗಿಯೊಂದನ್ನು ಹರಿದು ಮಡಿಸಿಟ್ಟಿದ್ದರು. ಅವನ ಅಂಗಿ.

ಭಾನುವಾರ ಎಲ್ಲರೂ ಹಜಾರದಲ್ಲಿ ಸೇರಿದರು. ಕಲ್ಲು ಗೋಡೆಗೆ ಒರಗಿತ್ತು. ಗಾರೆಯವನು ಬಾಣಲಿಯಲ್ಲಿ ಸಿಮೆಂಟು ಕಲಸಿಟ್ಟು ಕಾಯುತ್ತಿದ್ದ. ಮಂಡಿಯ ಕಾರಣಕ್ಕೆ ಅತ್ತೆ ಮೇಲೆ ಉಳಿದಿದ್ದರು. ಮೇಷ್ಟ್ರು ಬ್ಯಾಂಡಿನ ಕಾಲದ ಕೋಟು ತೊಟ್ಟಿದ್ದರು. ಹಿತ್ತಾಳೆ ಗುಂಡಿಗಳು ಫಳಫಳ ಹೊಳೆಯುತ್ತಿದ್ದವು. ಕಲ್ಲಿನ ಮೇಲೆ 'ನೀರು ತರುವ ದಾರಿಯಲ್ಲಿ ಮಡಿದ' ಎಂದಿತ್ತು.

ಅವರು ಬಾಯಿ ತೆರೆಯುವ ಮೊದಲೇ ನಾನು ಕಲ್ಲಿನ ಮುಂದೆ ಹೋಗಿ ನಿಂತೆ.

"ಇದರಲ್ಲಿ ತಪ್ಪಿದೆ ಮೇಷ್ಟ್ರೇ. ದಾರಿಯಲ್ಲಿ ಅಲ್ಲ, ಬಾಗಿಲಲ್ಲಿ."

ಮೇಷ್ಟ್ರ ಕಣ್ಣು ಒಮ್ಮೆ ಹೊಲಿಗೆಯಕ್ಕನ ಕಡೆ ಹೋಗಿ ಬಂತು. "ಅಮ್ಮ, ಇವತ್ತು ಅದೆಲ್ಲ ಯಾಕೆ? ಆಮೇಲೆ ಕೂತು ಮಾತಾಡೋಣ."

"ಕೂತು ಮಾತಾಡಿದ್ದು ಸಾಕು. ಆವತ್ತೂ ಕೂತೇ ಇದ್ರಲ್ಲ ಎಲ್ಲರೂ."

ಹಿಂದಿನಿಂದ ಯಾರೋ ಕೆಮ್ಮಿದರು. ಮೂರನೆಯ ಮಹಡಿಯ ಔಷಧಿ ಅಂಗಡಿಯವನು, "ಪಾಪ, ಇನ್ನೂ ಸುಧಾರಿಸಿಕೊಂಡಿಲ್ಲ ಅವರು," ಎಂದು ತನ್ನ ಹೆಂಡತಿಗೆ ಪಿಸುಗುಟ್ಟಿದ. ನನಗೆ ಕೇಳಿಸಲೆಂದೇ.

"ಒಬ್ಬರು ಹೇಳಿ ಸಾಕು," ಎಂದೆ. "ತಟ್ಟಿದ್ದು ಕೇಳಿಸ್ತು, ಕೂಗಿದ್ದು ಕೇಳಿಸ್ತು, ತೆಗೀಲಿಲ್ಲ ಅಂತ. ಹೇಳಿದ್ರೆ ನಾನೇ ಸಿಮೆಂಟು ಹಚ್ತೀನಿ."

"ಅದು ಯುದ್ಧ ಕಣಮ್ಮ!" ಮೇಷ್ಟ್ರ ಗಂಟಲು ಹಳೆಯ ಎತ್ತರಕ್ಕೆ ಏರಿತು. "ಒಳಗೆ ಇಷ್ಟೊಂದು ಜೀವ ಇತ್ತು. ಮಕ್ಕಳಿದ್ರು. ಒಬ್ಬರಿಗೋಸ್ಕರ ನಿಯಮ ಮುರಿಯೋದಕ್ಕೆ ಆಗುತ್ತಾ? ನಾನು ಇಷ್ಟೂ ಜನಾನ ಉಳಿಸಿದೀನಿ, ಗೊತ್ತಾ?"

"ಉಳಿಸಿದ್ದು ಈ ಅಗುಳಿ. ಮಾಡಿದೋನು ಅವನು."

ಬಾಗಿಲ ಪಕ್ಕದ ಮೂಲೆಯಲ್ಲಿ ಅದು ನಿಂತಿತ್ತು. ಈಗಲೂ ಕತ್ತಲಾದ ಮೇಲೆ ಅದನ್ನು ಹಾಕುತ್ತಾರೆ. ಹೊಲಿಗೆಯಕ್ಕ ನೆಲ ನೋಡುತ್ತಿದ್ದಳು. ಗಾರೆಯವನು ಸಿಮೆಂಟು ಗಟ್ಟಿಯಾಗದಿರಲೆಂದು ಕರಣೆಯಿಂದ ಮೆಲ್ಲಗೆ ತಿರುವುತ್ತಲೇ ಇದ್ದ. ಅದೊಂದೇ ಸದ್ದು.

ಕಾದೆ. ಆಮೇಲೆ ಹೋಗಿ ಅಗುಳಿಯನ್ನು ಎತ್ತಿಕೊಂಡೆ.

"ನಿಮ್ಮ ಕಲ್ಲು ನಿಮಗಿರಲಿ. ಇದು ನಮ್ಮದು."

"ಅಯ್ಯೋ, ಅದಿಲ್ಲದಿದ್ರೆ ಬಾಗಿಲಿಗೆ ಏನು ಗತಿ? ಕಳ್ಳಕಾಕರು ಇದಾರೆ, ಮನೆಯಲ್ಲಿ ಹೆಣ್ಣುಮಕ್ಕಳಿದಾರೆ..." ಈಗ ಎಲ್ಲರಿಗೂ ಒಟ್ಟಿಗೆ ಬಾಯಿ ಬಂತು.

"ತಾಳ ಕಟ್ಟಿಕೊಳ್ಳಿ," ಎಂದೆ.

ಉಕ್ಕು ಭಾರವಿತ್ತು. ಒಂದು ತುದಿಯನ್ನು ಕಂಕುಳಲ್ಲಿ ಇರುಕಿಕೊಂಡು ಇನ್ನೊಂದನ್ನು ಎಳೆಯುತ್ತ ಮೆಟ್ಟಿಲು ಹತ್ತಿದೆ. ಹೊಲಿಗೆಯಕ್ಕ ಓಡಿ ಬಂದು ಆ ತುದಿಗೆ ಕೈ ಹಾಕಿದಳು.

"ಮುಟ್ಟಬೇಡ."

ಅವಳು ಕೈ ತೆಗೆದಳು. ಪ್ರತಿ ಮೆಟ್ಟಿಲಿಗೂ ಕಂಬಿ ಬಡಿದು ಇಡೀ ಕಟ್ಟಡ ಮೊಳಗಿತು. ನಿಂತುಹೋದ ಲಿಫ್ಟನ್ನು ದಾಟಿ ಹೋದೆ. ಯಾವ ತಾಳವೂ ಇರಲಿಲ್ಲ.

ಮೇಲೆ ಅತ್ತೆ ಬಾಗಿಲು ತೆರೆದುಕೊಂಡು ನಿಂತಿದ್ದರು. "ಏನೇ ಇದು? ಕಲ್ಲು ಕೂರಿಸಿ ಬಾ ಅಂದ್ರೆ ಕಬ್ಬಿಣ ಹೊತ್ಕೊಂಡು ಬಂದಿದೀಯ?"

ಅಗುಳಿಯನ್ನು ಅವನ ಮಂಚದ ಕೆಳಗೆ ತಳ್ಳಿ ಎಲ್ಲವನ್ನೂ ಹೇಳಿದೆ. ಅವನು ಕೂಗಿದ ಮಾತನ್ನೂ ಹೇಳಿದೆ. ಅತ್ತೆ ಅಳಲಿಲ್ಲ. ಮಡಿಸಿಟ್ಟಿದ್ದ ಅಂಗಿಯ ತುಂಡುಗಳನ್ನು ತೆಗೆದು ಮತ್ತೆ ಬೀರುವಿನಲ್ಲಿಟ್ಟರು. "ಮೊದಲೇ ಯಾಕೆ ಹೇಳಲಿಲ್ಲ? ಕಲ್ಲು ಒಡೆಯೋಕೆ ನಾನೇ ಇಳೀತಿದ್ದೆ," ಎಂದರು. "ಕೂತು ಕೂತು ಇಳೀತಿದ್ದೆ."

ಕಟ್ಟಡದವರು ಒಂದು ಮರದ ಪಟ್ಟಿಯನ್ನು ಅಡ್ಡ ಕೊಟ್ಟು ನೋಡಿದರು. ಮೊದಲ ಗಾಳಿಗೇ ಮುರಿಯಿತು. ಹಗ್ಗ ಕಟ್ಟಿದರು. ಬಾಗಿಲು ಗಾಳಿಗೆ ಬಡಿದುಕೊಳ್ಳುವುದು ಐದನೆಯ ಮಹಡಿಗೂ ಕೇಳಿಸುತ್ತಿತ್ತು. ಕಲ್ಲು ಗೋಡೆಗೆ ಒರಗಿಯೇ ಇತ್ತು. ಯಾರೋ ಅದರ ಮುಖವನ್ನು ಗೋಡೆಯ ಕಡೆ ತಿರುಗಿಸಿದ್ದರು.

ಒಂದು ಸಂಜೆ, ಬೆಳಕು ಇನ್ನೂ ಇರುವಾಗಲೇ, ನಮ್ಮ ಮನೆಯ ಬಾಗಿಲು ತಟ್ಟಿದ ಸದ್ದಾಯಿತು. ಒಂದು ಬಡಿತ, ತಡೆದು, ಆಮೇಲೆ ನಾಲ್ಕು. ಅಭ್ಯಾಸಬಲ. ನಾನು ಕುಳಿತಲ್ಲಿಂದ ಏಳಲಿಲ್ಲ. ಅತ್ತೆ ಕೋಲೂರಿಕೊಂಡು ಹೋಗಿ ಬಾಗಿಲನ್ನು ಪೂರ್ತಿ ತೆರೆದರು. ಹೊಸ್ತಿಲ ಆಚೆ ಮೇಷ್ಟ್ರು ಏದುಸಿರು ಬಿಡುತ್ತ ನಿಂತಿದ್ದರು.

"ಇದು ಹಳೇದಾ, ಹೊಸದಾ?" ಎಂದರು ಅತ್ತೆ.

"ಅಮ್ಮ?"

"ಈಗ ತಟ್ಟಿದ್ಯಲ್ಲ. ನಂಗೆ ತಾಳ ಗೊತ್ತಾಗಲ್ಲ, ನೀನೇ ಅಂದಿದ್ದೆ. ಅದಕ್ಕೇ ಕೇಳ್ತಿದೀನಿ."

ಮೇಷ್ಟ್ರು ಟೋಪಿ ತೆಗೆದು ಕೈಯಲ್ಲಿ ಹಿಡಿದುಕೊಂಡರು. "ಕಟ್ಟಡದವರು ಕಳಿಸಿದ್ರು. ಅಗುಳಿ... ನಿನ್ನೆ ಕೆಳಗಿನ ಮನೆಗೆ ಯಾರೋ ನುಗ್ಗೋಕೆ ನೋಡಿದಾರೆ. ದೊಡ್ಡವರು ನೀವು, ಮನಸ್ಸು ಮಾಡ್ಬೇಕು."

"ಕೊಡ್ತೀವಿ."

ನಾನು ತಲೆ ಎತ್ತಿದೆ. ಅತ್ತೆ ನನ್ನ ಕಡೆ ನೋಡಲಿಲ್ಲ.

"ಒಳಗೆ ಬರೋ ಹಾಗಿಲ್ಲ," ಎಂದರು. "ಅಲ್ಲೇ ನಿಂತ್ಕೋ. ಅವನು ಎಷ್ಟು ಹೊತ್ತು ಆ ಬಾಗಿಲಲ್ಲಿ ನಿಂತಿದ್ದ ಅಂತ ನಿನಗೆ ಗೊತ್ತು. ನಂಗೆ ಗೊತ್ತಿಲ್ಲ. ಅಷ್ಟು ಹೊತ್ತು ನಿಂತ್ಕೊಂಡು ತೋರಿಸು. ಒಂದು ಚೂರೂ ಕಡಿಮೆ ಮಾಡ್ಬೇಡ. ಆಮೇಲೆ ತಗೊಂಡು ಹೋಗು."

ಮೇಷ್ಟ್ರು ತಿರುಗಿ ಇಳಿದು ಹೋಗುತ್ತಾರೆಂದುಕೊಂಡೆ. ಹೋಗಲಿಲ್ಲ. ಟೋಪಿಯನ್ನು ಎದೆಗೆ ಒತ್ತಿಕೊಂಡು ನಿಂತರು.

ಅತ್ತೆ ಬಂದು ನನ್ನ ಎದುರು ಕುಳಿತರು. ನಾನು ಇಬ್ಬರಿಗೂ ಚಹಾ ಬಗ್ಗಿಸಿದೆ. ಬೇಗ ಮುಗಿಯುತ್ತದೆ ಎಂದುಕೊಂಡಿದ್ದೆ. ತಟ್ಟಿದ, ತಮಾಷೆ ಮಾಡಿ ಕೂಗಿದ, ಅಷ್ಟರಲ್ಲಿ ಶೆಲ್ಲು ಬಿತ್ತು ಎಂದೇ ನನ್ನ ಲೆಕ್ಕ. ಅದಕ್ಕೆ ಎಷ್ಟು ಹೊತ್ತು ಬೇಕು? ಚಹಾ ಕುಡಿದು ಮುಗಿಯಿತು. ಲೋಟ ತೊಳೆದಿಟ್ಟೆ. ಬೀದಿಯ ದೀಪ ಹೊತ್ತಿತು. ಮೇಷ್ಟ್ರ ಕಣ್ಣು ನಮ್ಮ ತೆರೆದ ಬಾಗಿಲಿನ ಮೇಲೆಯೇ ಇತ್ತು. ಅತ್ತೆಯ ಬೆರಳುಗಳು ಮೇಜಿನ ಅಂಚನ್ನು ಬಿಗಿಯಾಗಿ ಹಿಡಿದಿದ್ದವು. ಹೊರಗೆ ಪೂರ್ತಿ ಕತ್ತಲಾಗುತ್ತಿತ್ತು.

ಮೇಷ್ಟ್ರು ಇನ್ನೂ ನಿಂತೇ ಇದ್ದರು.